ಕಾರ್ಖಾನೆಯೊಳಗೆ ಕ್ಯಾಮೆರಾ ಎಲ್ಲಿ ನಿಲ್ಲಬೇಕು? ಭೋಸರಿಯ ಚಿತ್ರೀಕರಣಕ್ಕೆ ನಿಮ್ಮ ಮಾತು ಬೇಕು

ಧಾರವಾಡದವಳು, ಪುಣೆ

ಎಲ್ಲರಿಗೂ ನಮಸ್ಕಾರ. ಊರು ಧಾರವಾಡ, ಹನ್ನೊಂದು ವರ್ಷದಿಂದ ಪುಣೆಯಲ್ಲಿದ್ದೇನೆ. ಸಾಕ್ಷ್ಯಚಿತ್ರ ಮಾಡುವುದು ನನ್ನ ಕಸುಬು. ಎಂಟು ತಿಂಗಳಿಂದ ಭೋಸರಿ ಕೈಗಾರಿಕಾ ಪ್ರದೇಶದ (ಎಂಐಡಿಸಿ) ಒಂದು ಶೆಡ್ಡಿಗೆ ಹೋಗಿಬರುತ್ತಿದ್ದೇನೆ. ಹದಿನಾಲ್ಕು ಜನ ದುಡಿಯುವ ಸಣ್ಣ ಜಾಗ. ವಾಹನಗಳಿಗೆ ಬೇಕಾದ ಶಾಫ್ಟ್, ಬುಷ್, ಪಿನ್ನು ಮಾಡಿಕೊಡುತ್ತಾರೆ. ಬಾಗಿಲ ಬಳಿ ಮೂಲೆಯಲ್ಲಿ ಕೈಯಿಂದ ನಡೆಸುವ ಒಂದು ಹಳೆಯ ಎಚ್‌ಎಂಟಿ ಲೇತ್ (ಲೋಹವನ್ನು ತಿರುಗಿಸಿ ಕಡೆಯುವ ಯಂತ್ರ), ಎದುರು ಗೋಡೆಗೆ ಸಾಲಾಗಿ ನಾಲ್ಕು ಸಿಎನ್‌ಸಿ, ಎಂದರೆ ಅದೇ ಕೆಲಸವನ್ನು ಕಂಪ್ಯೂಟರ್ ಪ್ರೋಗ್ರಾಮಿನಂತೆ ಮಾಡುವ ಯಂತ್ರಗಳು. ಮಾಲೀಕರು ಕ್ಯಾಮೆರಾ ಒಳಗೆ ಬಿಟ್ಟುಕೊಂಡಿದ್ದಾರೆ, ಅದಕ್ಕೆ ಅವರಿಗೆ ಋಣಿ. ದೊಡ್ಡ ಕಾರ್ಖಾನೆಗಳಲ್ಲಿ ಗೇಟಿನಲ್ಲೇ ಮೊಬೈಲ್ ಇಸಿದುಕೊಳ್ಳುತ್ತಾರೆ.

ನನ್ನ ತೊಡಕು ಹೇಳುತ್ತೇನೆ. ಲೇತ್ ಎದುರು ಕ್ಯಾಮೆರಾ ಇಟ್ಟರೆ ಎಲ್ಲವೂ ಕಾಣುತ್ತದೆ. ಅರವತ್ತೆರಡು ವರ್ಷದ ಹಿರಿಯರೊಬ್ಬರು ಲೋಹ ಹಿಡಿದಿಡುವ ಚಕ್ ತಿರುಗಿಸುತ್ತಾರೆ, ಕಣ್ಣು ಕಿರಿದು ಮಾಡುತ್ತಾರೆ, ಕಬ್ಬಿಣದ ಸುರುಳಿ ಹೊಗೆಯಾಡುತ್ತ ಬಿಚ್ಚಿಕೊಳ್ಳುತ್ತದೆ. ಸಿಎನ್‌ಸಿ ಎದುರು ಇಟ್ಟರೆ ಬಾಗಿಲು ಸರಿದು ಮುಚ್ಚುತ್ತದೆ, ಗಾಜಿಗೆ ಹಾಲಿನಂಥ ಕೂಲಂಟ್ (ಬಿಸಿ ಆರಿಸುವ ದ್ರವ) ಎರಚುತ್ತದೆ, ನಲವತ್ತೆರಡು ಸೆಕೆಂಡ್ ಏನೂ ಕಾಣುವುದಿಲ್ಲ. ಹುಡುಗ ಕೈಕಟ್ಟಿ ನಿಂತಿರುತ್ತಾನೆ. ಇದುವರೆಗಿನ ತುಣುಕುಗಳನ್ನು ನೋಡಿದವರೆಲ್ಲ ಲೇತ್ ಚೆಂದ, ಉಳಿದದ್ದು ಸಪ್ಪೆ ಎಂದರು. ಹೀಗೇ ಬಿಟ್ಟರೆ ಚಿತ್ರ ಹಳೆಯ ಕಾಲಕ್ಕೆ ಹಾಡುವ ಶೋಕಗೀತೆಯಾಗುತ್ತದೆ. ಆ ಹಿರಿಯರಿಗೂ ಅದು ಬೇಕಿಲ್ಲ. "ನನ್ನನ್ನು ವಸ್ತುಸಂಗ್ರಹಾಲಯಕ್ಕೆ ಕಳಿಸಬೇಡ ತಾಯಿ, ನಾಳೆ ಪಾಳಿ ಇದೆ" ಎಂದರು.

ಚಲನಚಿತ್ರ ಹುಟ್ಟಿದ್ದೇ ಕಾರ್ಖಾನೆಯ ಗೇಟಿನಲ್ಲಿ. 1895ರಲ್ಲಿ ಲೂಮಿಯೇರ್ ಸಹೋದರರು ಫ್ರಾನ್ಸಿನ ಲಿಯೋನಿನಲ್ಲಿ ತಮ್ಮದೇ ಕಾರ್ಖಾನೆಯಿಂದ ಕೆಲಸಗಾರರು ಹೊರಬರುವುದನ್ನು ಒಂದು ನಿಮಿಷಕ್ಕೂ ಕಡಿಮೆ ಉದ್ದದ ತುಣುಕಾಗಿ ಹಿಡಿದರು. ಮರುವರ್ಷ, 1896ರ ಜುಲೈ 7ರಂದು ಮುಂಬೈ ಕಾಲಾ ಘೋಡಾದ ವಾಟ್ಸನ್ ಹೋಟೆಲಿನಲ್ಲಿ ತೋರಿಸಿದ ಆರು ತುಣುಕುಗಳಲ್ಲಿ ಅದೂ ಇತ್ತು. ಆ ಹೊತ್ತಿಗೆ ಅದೇ ಊರಿನಲ್ಲಿ ಸಾವಿರಾರು ಗಿರಣಿ ಕೆಲಸಗಾರರು ದಿನವೂ ಗೇಟು ದಾಟುತ್ತಿದ್ದರು. ಅಂದಿನ ಕ್ಯಾಮೆರಾ ಗೇಟಿನ ಹೊರಗಿತ್ತು. ನಾನು ಶೆಡ್ಡಿನ ಒಳಗೇ ಇದ್ದೇನೆ, ಆದರೂ ಆ ಸಿಎನ್‌ಸಿಯ ಬಾಗಿಲು ನನ್ನನ್ನು ಹೊರಗೇ ನಿಲ್ಲಿಸಿದೆ.

ಕಾರ್ಖಾನೆಯಲ್ಲಿ ದುಡಿದವರನ್ನು, ಅವರ ಮನೆಯವರನ್ನು ಒಂದೇ ಮಾತು ಕೇಳುತ್ತೇನೆ. ಯಂತ್ರ ಬದಲಾಯಿತು ಎಂಬುದು ನಿಮಗೆ ಮೊದಲು ತಿಳಿದದ್ದು ಎಲ್ಲಿ?

ಲೋವರ್ ಪರೇಲ್‌ನಲ್ಲಿ ಬೆಳೆದವನು, ಡೊಂಬಿವಲಿ

ಚಹಾದ ಕಿಟ್ಲಿಯಲ್ಲಿ.

ನಮ್ಮ ಅಪ್ಪ ಉಡುಪಿ ಕಡೆಯಿಂದ ಹದಿಮೂರನೇ ವಯಸ್ಸಿಗೆ ಮುಂಬೈಗೆ ಬಂದವರು. ಹಗಲು ಹೋಟೆಲಿನಲ್ಲಿ ಲೋಟ ತೊಳೆದು, ರಾತ್ರಿ ಕನ್ನಡ ಶಾಲೆಯಲ್ಲಿ ಕಲಿತು, ಕೊನೆಗೆ ಒಂದು ಬಟ್ಟೆ ಗಿರಣಿಯ ಕ್ಯಾಂಟೀನ್ ಹಿಡಿದರು. 250ಕ್ಕಿಂತ ಹೆಚ್ಚು ಕೆಲಸಗಾರರಿದ್ದಲ್ಲಿ ಕ್ಯಾಂಟೀನ್ ಇಡಿಸುವ ಅವಕಾಶ 1948ರ ಕಾರ್ಖಾನೆ ಕಾಯ್ದೆಯಲ್ಲಿತ್ತು. ನಮ್ಮಂಥ ಎಷ್ಟೋ ಸಂಸಾರಗಳು ಆ ಒಂದು ಕಲಮಿನ ಮೇಲೆ ನಿಂತಿದ್ದವು. ಅಪ್ಪನ ಕೈಬರಹದ ಲೆಕ್ಕದ ಪುಸ್ತಕಗಳು ಇಂದಿಗೂ ನನ್ನ ಅಟ್ಟದ ಮೇಲಿವೆ. ಗಿರಣಿಯ ಯಾವ ಖಾತೆಗೆ (ವಿಭಾಗಕ್ಕೆ) ಎಷ್ಟು ಚಹಾ, ಎಷ್ಟು ಪಾವ್, ಯಾರದು ಎಷ್ಟು ಬಾಕಿ, ಎಲ್ಲವೂ ಅವುಗಳಲ್ಲಿದೆ.

ಸಾಂಚಾ ಖಾತೆ ಎಂದರೆ ಮಗ್ಗಗಳ ಶೆಡ್ಡು. ಅಲ್ಲಿ ಮಾತು ಕೇಳಿಸುವುದೇ ಇಲ್ಲ, ಜನ ತುಟಿ ನೋಡಿ ಮಾತಾಡುತ್ತಿದ್ದರು. ನಾನು ಶಾಲೆಯ ರಜೆಯಲ್ಲಿ ಕಿಟ್ಲಿ ಹಿಡಿದು ಹೋದಾಗ ಎರಡು ಬೆರಳು ಎತ್ತಿದರೆ ಎರಡು ಚಹಾ, ಅಂಗೈ ಮಗುಚಿದರೆ ಸಕ್ಕರೆ ಬೇಡ ಎಂದು ಅರ್ಥ. ಒಂದು ಸಾಲಿಗೆ ಹೊಸ ಆಟೋಮ್ಯಾಟಿಕ್ ಮಗ್ಗ ಹಾಕಿದರು. ಗಿರಣಿಯ ಸಾಹೇಬರು ಹಾರ ಹಾಕಿ ತೆಂಗಿನಕಾಯಿ ಒಡೆದರು, ಪೇಢೆ ಹಂಚಿದರು. ಮರುದಿನದಿಂದ ಆ ಸಾಲಿಗೆ ಎರಡು ಕಿಟ್ಲಿಯ ಬದಲು ಒಂದೇ. ಅಪ್ಪ ಅದನ್ನು ಪುಸ್ತಕದಲ್ಲಿ ಬರೆದು ಕೆಳಗೆ ಗೆರೆ ಎಳೆದಿದ್ದಾರೆ. ಯಾರನ್ನೂ ತೆಗೆದುಹಾಕಿದ ಸುದ್ದಿ ಇರಲಿಲ್ಲ. ಬದಲಿ ಕೆಲಸಗಾರರನ್ನು ಕರೆಯುವುದು ನಿಂತಿತ್ತು, ಅಷ್ಟೇ. ಬದಲಿ ಎಂದರೆ ಯಾರಾದರೂ ರಜೆ ಹಾಕಿದರೆ ಆ ದಿನಕ್ಕೆ ಕೆಲಸ ಸಿಗುವವನು. ಅವನು ದಿನವೂ ಬೆಳಿಗ್ಗೆ ಗೇಟಿಗೆ ಬಂದು ನಿಂತು ವಾಪಸು ಹೋಗುತ್ತಾನೆ. ಅವನ ಹೆಸರು ಹೊಡೆದುಹಾಕುವ ಅಗತ್ಯವೇ ಯಾರಿಗೂ ಬರುವುದಿಲ್ಲ.

1982ರ ಜನವರಿ 18ಕ್ಕೆ ಮುಷ್ಕರ ಶುರುವಾಯಿತು. ಸುಮಾರು ಎರಡೂವರೆ ಲಕ್ಷ ಜನ. ತಿಂಗಳೊಳಗೆ ಮುಗಿಯುತ್ತದೆ ಎಂದು ಅಪ್ಪ ಅಕ್ಕಿ ಮೂಟೆಗಳನ್ನು ಹಾಗೇ ಇಟ್ಟರು. ಹುಳ ಬಿತ್ತು. ಆಮೇಲೆ ಅಮ್ಮ ಅದನ್ನು ಚಾಳಿನ ಮೊಗಸಾಲೆಯಲ್ಲಿ ಬಿಸಿಲಿಗೆ ಹರವಿ, ಕೇರಿ, ಮುಷ್ಕರದಲ್ಲಿದ್ದ ಅಕ್ಕಪಕ್ಕದ ಮನೆಗಳಿಗೆ ಸೇರಿನ ಲೆಕ್ಕದಲ್ಲಿ ಹಂಚಿದರು. ಆ ಮುಷ್ಕರವನ್ನು ಹಿಂತೆಗೆದುಕೊಂಡೆವು ಎಂದು ಯಾರೂ ಅಧಿಕೃತವಾಗಿ ಹೇಳಲೇ ಇಲ್ಲ. ಅಪ್ಪನ ಪುಸ್ತಕದಲ್ಲೂ ಆ ಪುಟದ ಮುಂದಿನದೆಲ್ಲ ಖಾಲಿ.

ಹಾಗಾಗಿ ನಿಮ್ಮ ಪ್ರಶ್ನೆಗೆ ನನ್ನ ಉತ್ತರ: ಯಂತ್ರದ ಎದುರು ನಿಲ್ಲಬೇಡಿ, ಊಟದ ಡಬ್ಬಿ ಎಣಿಸಿ.

ಮಾಟುಂಗಾ ಓದುಗ

ಅಣ್ಣಾ, ಆ ಪುಸ್ತಕಗಳನ್ನು ಯಾವ ಕಾರಣಕ್ಕೂ ರದ್ದಿಗೆ ಹಾಕಬೇಡಿ. ಒಂದು ಭಾನುವಾರ ನಾನೇ ಬಂದು ಪುಟಪುಟ ಸ್ಕ್ಯಾನ್ ಮಾಡಿಕೊಡುತ್ತೇನೆ.

ಇಂಡಿ ತಾಲ್ಲೂಕಿನವನು, ಭೋಸರಿ

ತಂಗಿ, ನೀವು ಬರೆದದ್ದು ನನ್ನ ಕಸುಬು, ಅದಕ್ಕೇ ಸ್ವಲ್ಪ ಉದ್ದ ಬರೆಯುತ್ತೇನೆ. ಐಟಿಐಯಲ್ಲಿ ಟರ್ನರ್ ಕಲಿತು 1994ರಲ್ಲಿ ಭೋಸರಿಗೆ ಬಂದೆ. ಹತ್ತು ವರ್ಷ ಲೇತ್, ಆಮೇಲೆ ಸಿಎನ್‌ಸಿ. ಈಗ ಸೆಟ್ಟರ್. ನಾನು ನಡೆಸಿದ ಮೊದಲ ಯಂತ್ರ ಎಚ್‌ಎಂಟಿಯ ಎನ್‌ಎಚ್-22. ಆ ಕಂಪನಿ ಬೆಂಗಳೂರಿನಲ್ಲಿ ಹುಟ್ಟಿದ್ದು. ಅದರ ಮೇಲಿನ ಹೆಸರಿನ ತಗಡು ಒರೆಸುವಾಗ ಊರಿನವರ ಬೆನ್ನು ತಟ್ಟಿದ ಹಾಗೆ ಆಗುತ್ತಿತ್ತು.

ಲೇತ್ ಕಾಲದಲ್ಲಿ ಡ್ರಾಯಿಂಗ್ ನನ್ನ ಕೈಗೆ ಬರುತ್ತಿತ್ತು. ಯಾವ ಕಡೆಯಿಂದ ಶುರು, ಎಲ್ಲಿ ಹಿಡಿತ, ಎಷ್ಟು ವೇಗ, ಎಷ್ಟು ಆಳದ ಕಟ್, ಎಲ್ಲ ನನ್ನ ತೀರ್ಮಾನ. ಟೂಲನ್ನೂ ನಾನೇ ಮಸೆಯುತ್ತಿದ್ದೆ. ಚೌಕ ಕಡ್ಡಿಯನ್ನು ಗ್ರೈಂಡರಿಗೆ ಓರೆ ಹಿಡಿದು, ಬೆರಳಿಗೆ ಬಿಸಿ ತಾಗಿದೊಡನೆ ನೀರಿಗೆ ಅದ್ದಿ, ಮತ್ತೆ ಹಿಡಿದು. ಕೋನ ಅಳೆಯುವ ಉಪಕರಣ ಇತ್ತು, ಯಾರೂ ಮುಟ್ಟುತ್ತಿರಲಿಲ್ಲ.

ಸಿಎನ್‌ಸಿಯಲ್ಲಿ ಇದೇ ಕೆಲಸ ಮೂರು ಪಾಲಾಯಿತು. ಪ್ರೋಗ್ರಾಂ ಬರೆಯುವವನು ಮೇಲಿನ ಕೋಣೆಯಲ್ಲಿ ಕುಳಿತಿರುತ್ತಾನೆ. ಸೆಟ್ಟರ್ ಬಂದು ಟೂಲ್ ಕಟ್ಟಿ, ಆಫ್‌ಸೆಟ್ (ಟೂಲಿನ ಅಳತೆ ಸರಿಪಡಿಸುವ ಅಂಕಿ) ಹಾಕಿ, ಮೊದಲ ಜಾಬ್, ಎಂದರೆ ತಯಾರಾದ ಮೊದಲ ತುಂಡು ಅಳೆದು ಒಪ್ಪಿಗೆ ಕೊಡುತ್ತಾನೆ. ಆಪರೇಟರ್ ಬಾಗಿಲು ತೆಗೆದು, ಗಾಳಿ ಹೊಡೆದು, ಮುಗಿದದ್ದು ಇಳಿಸಿ, ಹೊಸದು ಹಿಡಿಸಿ, ಬಾಗಿಲು ಹಾಕಿ ಹಸಿರು ಗುಂಡಿ ಒತ್ತುತ್ತಾನೆ. ಪಾಳಿ ಮುಗಿಯುವವರೆಗೆ ಅದೇ.

ಆದರೆ "ಕೈಕಟ್ಟಿ ನಿಂತಿರುತ್ತಾನೆ" ಎಂದಿದ್ದೀರಿ, ಅಲ್ಲಿ ನಿಮ್ಮ ಕಣ್ಣು ಮೋಸ ಹೋಗಿದೆ. ಅವನು ಕೇಳುತ್ತಿರುತ್ತಾನೆ. ಟೂಲಿನ ತುದಿ ಸವೆಯುತ್ತ ಬಂದಂತೆ ಸದ್ದು ಬದಲಾಗುತ್ತದೆ, ಮೊದಲು ಬಾಣಲೆಯಲ್ಲಿ ಹುರಿದ ಹಾಗೆ, ಆಮೇಲೆ ಹಲ್ಲು ಕಡಿದ ಹಾಗೆ. ಆರು ತಿಂಗಳು ನಿಂತ ಯಾವ ಹುಡುಗನಿಗೂ ಗೊತ್ತಾಗುತ್ತದೆ, ಇನ್ನು ನಾಲ್ಕೈದು ಜಾಬಿಗೆ ಅಳತೆ ಹತ್ತು ಮೈಕ್ರಾನ್, ಮಿಲಿಮೀಟರಿನ ನೂರನೇ ಒಂದು ಪಾಲು, ತಪ್ಪುತ್ತದೆ ಎಂದು. ಸರಿಪಡಿಸಲು ಪರದೆಯಲ್ಲಿ ಒಂದು ಅಂಕಿ ತಿದ್ದಿದರೆ ಸಾಕು. ಆದರೆ ಅವನಿಗೆ ಅದನ್ನು ಮುಟ್ಟುವಂತಿಲ್ಲ. ಯಂತ್ರದ ಫಲಕದಲ್ಲಿ ಒಂದು ಸಣ್ಣ ಬೀಗ ಇರುತ್ತದೆ, ನೋಡಿ. ಅದು ಮುಚ್ಚಿದ್ದರೆ ಪ್ರೋಗ್ರಾಂ ತಿದ್ದಲಾಗದು, ಎಷ್ಟೋ ಕಡೆ ಆಫ್‌ಸೆಟ್ಟನ್ನೂ ತಿದ್ದಲಾಗದು. ಕೀಲಿ ಸೆಟ್ಟರ್ ಹತ್ತಿರ. ಎಂದರೆ ನನ್ನ ಹತ್ತಿರ.

ನನಗೆ ಯಂತ್ರದ ಮೇಲೆ ಸಿಟ್ಟಿಲ್ಲ. ಲೇತಿನ ಸುರುಳಿ ನನ್ನ ಎಡಗೈಯನ್ನು ಎಷ್ಟು ಸಲ ಸೀಳಿದೆ ಎಂದು ಲೆಕ್ಕ ಇಟ್ಟಿಲ್ಲ. ಹನ್ನೆರಡು ಗಂಟೆ ಬಾಗಿ ನಿಂತ ಬೆನ್ನು ಈಗಲೂ ಮಾತಾಡುತ್ತದೆ. ಸಿಎನ್‌ಸಿ ಬಂದದ್ದು ಒಳ್ಳೆಯದೇ ಆಯಿತು. ನನ್ನ ಸಂಕಟ ಆ ಕೀಲಿಯದು.

ಹಿಂಜವಡಿಯಿಂದ

ಕಾಕಾ ಹೇಳಿದ್ದಕ್ಕೆ ನನ್ನ ಸಹಮತ, ಆದರೆ ಕೀಲಿಯ ವಿಷಯದಲ್ಲಿ ಅಲ್ಲ. ನಾನು ಕಾರ್ಖಾನೆಗಳಿಗೆ ರೋಬೋಟ್ ಅಳವಡಿಸುವ ಕೆಲಸ ಮಾಡುತ್ತೇನೆ. ಬೀಗಕ್ಕೆ ಕಾರಣವಿದೆ. ಒಂದು ಸೊನ್ನೆ ಹೆಚ್ಚು ಒತ್ತಿದರೆ ಟೂಲ್ ಹೋಗಿ ಚಕ್ಕಿಗೆ ಬಡಿಯುತ್ತದೆ, ಲಕ್ಷಗಟ್ಟಲೆ ನಷ್ಟ, ಎದುರು ನಿಂತವನ ಜೀವಕ್ಕೂ ಅಪಾಯ. ಇನ್ನು ವೆಲ್ಡಿಂಗ್ ಹೊಗೆ, ಪೇಂಟ್ ಬೂತಿನ ಗಾಳಿ ಇವೆಲ್ಲ ಮನುಷ್ಯ ಶ್ವಾಸಕೋಶಕ್ಕೆ ಎಳೆದುಕೊಳ್ಳಬೇಕಾದದ್ದೇ ಅಲ್ಲ. ಅಲ್ಲಿ ರೋಬೋಟ್ ನಿಲ್ಲಿಸಿದ್ದಕ್ಕೆ ನನಗೆ ಹೆಮ್ಮೆ ಇದೆ. ಸಾಕ್ಷ್ಯಚಿತ್ರದವರು ಇದನ್ನೂ ತೋರಿಸಬೇಕು. ಯಂತ್ರ ಎಂದರೆ ಖಳನಾಯಕ ಎನ್ನುವ ಚಿತ್ರಗಳನ್ನು ನೋಡಿ ನನಗೆ ಸಾಕಾಗಿದೆ.

ಚಿಂಚವಡದ ಅಕ್ಕ

ಹಿಂಜವಡಿಯ ತಮ್ಮನಿಗೆ ಒಂದು ಮಾತು. ನನ್ನ ಸ್ವಂತ ತಮ್ಮ, ಕಲಬುರಗಿಯಿಂದ ಬಂದ ಏಳನೇ ತಿಂಗಳಿಗೆ ಪವರ್ ಪ್ರೆಸ್ಸಿನಲ್ಲಿ ಬಲಗೈಯ ಎರಡು ಬೆರಳು ಕಳೆದುಕೊಂಡ. ಆ ಪ್ರೆಸ್ಸಿಗೂ ತಂತ್ರಜ್ಞಾನ ಇತ್ತು. ಎರಡೂ ಕೈಯಿಂದ ಎರಡು ಗುಂಡಿ ಒಟ್ಟಿಗೆ ಒತ್ತಿದರೆ ಮಾತ್ರ ಅಚ್ಚು ಇಳಿಯಬೇಕು, ಆಗ ಕೈ ಒಳಗೆ ಇರಲು ಸಾಧ್ಯವೇ ಇಲ್ಲ. ಆದರೆ ಹಾಗೆ ಮಾಡಿದರೆ ಗಂಟೆಗೆ ಬರುವ ಲೆಕ್ಕ ಕಡಿಮೆಯಾಗುತ್ತದೆ ಎಂದು ಒಂದು ಗುಂಡಿಗೆ ಮರದ ಚಕ್ಕೆ ಸಿಕ್ಕಿಸಿ ರಬ್ಬರ್ ಪಟ್ಟಿ ಸುತ್ತಿದ್ದರು. ಎದುರಿಗೆ ಬೆಳಕಿನ ಪರದೆ ಇತ್ತು, ಕೈ ಅಡ್ಡ ಬಂದರೆ ಯಂತ್ರ ನಿಲ್ಲಿಸುವಂಥದು. ಅದರ ತಂತಿ ಕಿತ್ತು ತಿಂಗಳುಗಳಾಗಿದ್ದವು. ಅವನ ಹೆಸರು ಠೇಕೇದಾರನ (ಗುತ್ತಿಗೆದಾರನ) ಪಟ್ಟಿಯಲ್ಲಿತ್ತು, ಕಾರ್ಖಾನೆಯ ಪಟ್ಟಿಯಲ್ಲಿ ಇರಲಿಲ್ಲ. ಕೆಲಸಗಾರರ ವಿಮೆಯ ಇಎಸ್‌ಐ ಕಾರ್ಡ್ ಮಾಡಿಸಿದ್ದು ಬೆರಳು ಹೋದ ಮೇಲೆ.

ರೋಬೋಟ್ ಬರಲಿ, ನಾನು ಬೇಡ ಎನ್ನುವುದಿಲ್ಲ. ಆ ಮರದ ಚಕ್ಕೆ ಸಿಕ್ಕಿಸು ಎಂದವರು ಯಾರು ಎಂದು ಕೇಳುವ ಚಿತ್ರ ಬೇಕು ನನಗೆ.

ಹಿಂಜವಡಿಯಿಂದ

ಅಕ್ಕಾ, ಕ್ಷಮಿಸಿ. ತಂತಿ ಕಿತ್ತ ಸೆನ್ಸರುಗಳನ್ನು ನಾನೂ ಕಂಡಿದ್ದೇನೆ. ವರದಿಯಲ್ಲಿ ಬರೆದು ಕೊಟ್ಟು ಮುಂದಿನ ಕಾರ್ಖಾನೆಗೆ ಹೋಗಿದ್ದೇನೆ. ಆಮೇಲೆ ಏನಾಯಿತು ಎಂದು ವಿಚಾರಿಸಿಲ್ಲ.

ಇಂಡಿ ತಾಲ್ಲೂಕಿನವನು, ಭೋಸರಿ

ಚಕ್ಕಿಗೆ ಬಡಿಯುವ ಮಾತು ನಿಜ, ತಮ್ಮಾ. ಹೊಸಬನ ಕೈಗೆ ಕೀಲಿ ಕೊಡು ಎಂದು ನಾನೂ ಹೇಳುವುದಿಲ್ಲ. ಆದರೆ ಅವನು ಹಳಬನಾಗುವುದೇ ಇಲ್ಲವಲ್ಲ? ಠೇಕೇದಾರ ಏಳೆಂಟು ತಿಂಗಳಿಗೊಮ್ಮೆ ಹುಡುಗರನ್ನು ಬದಲಿಸುತ್ತಾನೆ. ಸದ್ದು ಗುರುತು ಹಿಡಿಯುವಷ್ಟು ಕಿವಿ ಪಳಗುತ್ತದೆ, ಅಷ್ಟರಲ್ಲಿ ಅವನು ಚಾಕಣದ ಇನ್ನೊಂದು ಶೆಡ್ಡಿನಲ್ಲಿ ಬೇರೆ ಯಂತ್ರದ ಮುಂದೆ ಒಂದರಿಂದ ಶುರುಮಾಡಿರುತ್ತಾನೆ. ನನಗೆ ಲೇತ್ ಕಲಿಸಿದ ಉಸ್ತಾದರು ಎರಡು ವರ್ಷ ಬೈದು ಕಲಿಸಿದರು. ಎರಡು ವರ್ಷ ಅದೇ ಜಾಗದಲ್ಲಿ ಇದ್ದೆ, ಅದಕ್ಕೆ ಕಲಿತೆ.

ನಿವೃತ್ತ, ಠಾಣೆ

ಬರೆಯಬೇಕೋ ಬೇಡವೋ ಎಂದು ಎರಡು ದಿನ ಯೋಚಿಸಿದೆ. ನಾನು ಠಾಣೆ–ಬೇಲಾಪುರ ರಸ್ತೆಯ ಒಂದು ಕಾರ್ಖಾನೆಯಲ್ಲಿ ಕೆಲಸದ ಅಳತೆಯ ವಿಭಾಗದಲ್ಲಿದ್ದವನು. ಕೈಯಲ್ಲಿ ಸ್ಟಾಪ್‌ವಾಚ್, ಬಗಲಲ್ಲಿ ಹಲಗೆ.

ಚಿತ್ರ ಮಾಡುವ ಮಗಳೇ, ಕಾರ್ಖಾನೆಗೆ ಕ್ಯಾಮೆರಾ ಹೊಸದಲ್ಲ. 1912ರ ಸುಮಾರಿಗೆ ಅಮೆರಿಕದಲ್ಲಿ ಫ್ರಾಂಕ್ ಮತ್ತು ಲಿಲಿಯನ್ ಗಿಲ್‌ಬ್ರೆತ್ ದಂಪತಿ ಕೆಲಸಗಾರರ ಚಲನೆಯನ್ನು ಚಿತ್ರೀಕರಿಸಿದರು, ಚೌಕಟ್ಟಿನೊಳಗೆ ಗಡಿಯಾರ ಇಟ್ಟು. ಬೆರಳಿಗೆ ಸಣ್ಣ ದೀಪ ಕಟ್ಟಿ ಕೈ ಓಡಾಡಿದ ದಾರಿಯನ್ನು ಬೆಳಕಿನ ಗೆರೆಯಾಗಿ ಹಿಡಿದರು. ದಣಿವು ಕಡಿಮೆ ಮಾಡುವ ಉದ್ದೇಶ ಎಂದು ಅವರು ಹೇಳಿದರು, ನಮಗೂ ಹಾಗೇ ಕಲಿಸಿದರು. ನಮ್ಮ ವಿಭಾಗಕ್ಕೂ ಕೊನೆಗಾಲದಲ್ಲಿ ವಿಡಿಯೊ ಕ್ಯಾಮೆರಾ ಬಂತು.

ನಮ್ಮಲ್ಲಿ ತಂತಿ ಸುರುಳಿ ಸುತ್ತುವ ವಿಭಾಗದಲ್ಲಿ ಒಬ್ಬ ಹಿರಿಯರಿದ್ದರು, ಬೆಳಗಾವಿ ಕಡೆಯವರು, ಕನ್ನಡ ಮಾತಾಡುವವನು ಎಂದು ನನ್ನ ಮೇಲೆ ವಿಶ್ವಾಸ. ತಂತಿಯ ತುದಿಯನ್ನು ಕಿರುಬೆರಳಿಗೆ ಸಿಕ್ಕಿಸಿಕೊಂಡು ತಿರುವುವ ಒಂದು ಉಪಾಯ ಅವರಿಗೆ ಗೊತ್ತಿತ್ತು. ಒಂದೊಂದು ಸುರುಳಿಗೂ ಆರೇಳು ಸೆಕೆಂಡ್ ಉಳಿಯುತ್ತಿತ್ತು. ಆ ಉಳಿದ ಹೊತ್ತಿನಲ್ಲೇ ಅವರು ಬೆನ್ನು ನೇರ ಮಾಡಿಕೊಳ್ಳುತ್ತಿದ್ದರು, ನೀರು ಕುಡಿಯುತ್ತಿದ್ದರು. ಒಂದು ದಿನ ಪ್ರೀತಿಯಿಂದ ನನಗೆ ತೋರಿಸಿದರು. ನಾನು ಬರೆದುಕೊಂಡೆ. ಮೂರು ತಿಂಗಳಿಗೆ ಅದೇ ಎಲ್ಲರಿಗೂ ಕಡ್ಡಾಯ ಪದ್ಧತಿಯಾಯಿತು, ಪಾಳಿಯ ಗುರಿ ಏರಿತು. ಅವರು ನಿವೃತ್ತರಾಗುವವರೆಗೂ ನನ್ನೊಂದಿಗೆ ಮಾತಾಡಲಿಲ್ಲ. ನಾನು ಕ್ಷಮೆ ಕೇಳಲಿಲ್ಲ, ಅದು ನನ್ನ ಕರ್ತವ್ಯ ಎಂದುಕೊಂಡೆ. ಈಗ ಕೇಳಬೇಕೆಂದರೆ ಅವರಿಲ್ಲ.

ನೀವು ಶೆಡ್ಡಿನಲ್ಲಿ ಕ್ಯಾಮೆರಾ ನಿಲ್ಲಿಸಿದಾಗ ಕೆಲಸಗಾರನಿಗೆ ಮೊದಲು ನೆನಪಾಗುವುದು ನಮ್ಮಂಥವರು. ಅವನ ಕೈಯ ಗುಟ್ಟು ನಿಮ್ಮ ಚಿತ್ರದಲ್ಲಿ ಚೆಂದವಾಗಿ ಕಾಣುತ್ತದೆ. ಮಾಲೀಕನೂ ಆ ಚಿತ್ರವನ್ನು ನೋಡುತ್ತಾನೆ. ಯಾವುದನ್ನು ತೋರಿಸಬಾರದು ಎಂದು ಅವನನ್ನೇ ಕೇಳಿ, ಅವನು ಹೇಳಿದ್ದನ್ನು ಕತ್ತರಿಸಿ.

ಎರಡನೇ ಪಾಳಿ, ಝುವಾರಿನಗರ, ಗೋವಾ

ಮೇಲಿನ ಅಜ್ಜನವರ ಮಾತು ಓದಿ ಕಣ್ಣು ತುಂಬಿತು. ನಾನು ಗದಗ ಜಿಲ್ಲೆಯವಳು, ವೆರ್ಣಾದ ಔಷಧ ಕಾರ್ಖಾನೆಯೊಂದರಲ್ಲಿದ್ದೇನೆ. ಒಂಬತ್ತು ವರ್ಷ ನನ್ನ ಕೆಲಸ ಒಂದೇ, ಇಂಜೆಕ್ಷನ್ ಸೀಸೆ ನೋಡುವುದು. ಎದುರಿಗೆ ಅರ್ಧ ಕಪ್ಪು, ಅರ್ಧ ಬಿಳಿ ಹಲಗೆ, ಮೇಲೆ ದೀಪ. ಸೀಸೆಯನ್ನು ಮೆಲ್ಲಗೆ ತಿರುವಿ ಕಪ್ಪಿನ ಎದುರು ಹಿಡಿದರೆ ಬಿಳಿ ನೂಲು, ಗಾಜಿನ ಚೂರು ಮಿಂಚುತ್ತದೆ. ಬಿಳಿಯ ಎದುರು ಹಿಡಿದರೆ ಕಪ್ಪು ಕಣ ಕಾಣುತ್ತದೆ. ಆಗಾಗ ಕಣ್ಣಿಗೆ ವಿರಾಮ ಕೊಡುತ್ತಾರೆ, ಕಣ್ಣಿನ ಪರೀಕ್ಷೆಯೂ ಇರುತ್ತದೆ. ಮನೆಗೆ ಬಂದ ಮೇಲೂ ಕುಡಿಯುವ ನೀರಿನ ಲೋಟವನ್ನು ದೀಪಕ್ಕೆ ಹಿಡಿದು ನೋಡುತ್ತಿದ್ದೆ, ಮಕ್ಕಳು ನಗುತ್ತಿದ್ದರು.

ಈಗ ಆ ಕೆಲಸವನ್ನು ಯಂತ್ರ ಮಾಡುತ್ತದೆ. ಅದರೊಳಗೆ ಇರುವುದು ಕ್ಯಾಮೆರಾ. ಸೀಸೆಯನ್ನು ಗಿರ್ರನೆ ತಿರುಗಿಸಿ ತಟ್ಟನೆ ನಿಲ್ಲಿಸುತ್ತದೆ, ಒಳಗಿನ ನೀರು ಸುತ್ತುತ್ತಿರುವಾಗಲೇ ಚಿತ್ರ ತೆಗೆಯುತ್ತದೆ. ನನ್ನ ಸಾಲಿನ ಹೆಂಗಸರನ್ನು ಬೇರೆ ಬೇರೆ ವಿಭಾಗಗಳಿಗೆ ಹಂಚಿದರು, ಠೇಕೆಯ ಮೇಲಿದ್ದವರನ್ನು ಬಿಡಿಸಿದರು. ನನ್ನನ್ನು ಯಂತ್ರದ ಕೊನೆಯಲ್ಲಿ ಕೂರಿಸಿದ್ದಾರೆ. ಅದು ಬೇಡವೆಂದು ತಳ್ಳಿದ ಸೀಸೆಗಳನ್ನು ಮತ್ತೊಮ್ಮೆ ನೋಡಬೇಕು, ಯಾಕೆಂದರೆ ಗಾಳಿಯ ಗುಳ್ಳೆಯನ್ನೂ ಅದು ಕಸ ಎಂದುಕೊಳ್ಳುತ್ತದೆ. ಗುಳ್ಳೆ ಮೇಲಕ್ಕೆ ಏರುತ್ತದೆ, ಕಸ ಕೆಳಗೆ ಇಳಿಯುತ್ತದೆ. ಇಷ್ಟನ್ನು ಗುರುತಿಸಲು ನನ್ನ ಕಣ್ಣು ಇನ್ನೂ ಬೇಕಂತೆ. ಆದರೆ ಪಗಾರದ ಚೀಟಿಯಲ್ಲಿ ನನ್ನ ಹುದ್ದೆಯ ಹೆಸರು ಈಗ ಸಹಾಯಕಿ. ಮೊದಲು ಪರೀಕ್ಷಕಿ ಎಂದಿತ್ತು.

ಧಾರವಾಡದ ಅಕ್ಕಾ, ನನ್ನ ಮಾತು ಚಿತ್ರಕ್ಕೆ ಉಪಯೋಗವಾದರೆ ಬಳಸಿ. ಹೆಸರು, ಮುಖ ಬೇಡ.

ಮಾಟುಂಗಾ ಓದುಗ

ಹುದ್ದೆಯ ಹೆಸರು ಬದಲಾದ ಮಾತು ಓದಿ ಹಳೆಯದೊಂದು ನೆನಪಾಯಿತು. ಮುಂಬೈ ಗಿರಣಿಗಳಿಗೆ ವಿದ್ಯುದ್ದೀಪ ಬಂದದ್ದನ್ನು ನಾವು ಪ್ರಗತಿ ಎಂದೇ ಓದುತ್ತೇವೆ. ಅದಕ್ಕೂ ಮೊದಲು ಸೂರ್ಯ ಮುಳುಗಿದರೆ ಕೆಲಸ ಮುಗಿಯುತ್ತಿತ್ತು. ದೀಪ ಬಂದ ಮೇಲೆ ಮಾಲೀಕರು ದಿನವನ್ನೇ ಹಿಗ್ಗಿಸಿದರು. 1905ರಲ್ಲಿ ಅದರ ವಿರುದ್ಧ ಕೆಲಸಗಾರರು ಮುಷ್ಕರ ಹೂಡಿದರು. ಗಂಡಸರ ದುಡಿಮೆಗೂ ಬಟ್ಟೆ ಗಿರಣಿಗಳಲ್ಲಿ ದಿನಕ್ಕೆ 12 ಗಂಟೆಯ ಮಿತಿ ಬಂದದ್ದು 1911ರ ಕಾಯ್ದೆಯಲ್ಲಿ. ದೀಪಕ್ಕೆ ಯಾರೂ ಕಲ್ಲು ಹೊಡೆಯಬೇಕಾಗಿರಲಿಲ್ಲ, ಅದನ್ನು ಎಷ್ಟು ಹೊತ್ತಿಗೆ ಆರಿಸಬೇಕು ಎಂಬುದೇ ಜಗಳ. 1928ರಲ್ಲೂ ಹಾಗೆಯೇ. ಎರಡು ಮಗ್ಗ ನೋಡುವವನು ಮೂರು ನೋಡಬೇಕು ಎಂದಾಗ ಸುಮಾರು ಒಂದೂವರೆ ಲಕ್ಷ ಜನ ಏಪ್ರಿಲಿನಿಂದ ಅಕ್ಟೋಬರಿನವರೆಗೆ ಗಿರಣಿಗೆ ಕಾಲಿಡಲಿಲ್ಲ. ಮೂರನೆಯ ಮಗ್ಗದಿಂದ ಉಳಿದ ಹಣ ಯಾರ ಕೈಗೆ, ಕೆಲಸ ಹೋದವನು ಎಲ್ಲಿಗೆ, ಎಂದು ಕೇಳಿದರು.

ಇಂಡಿಯವರ ಕೀಲಿ, ಗದಗದ ತಾಯಿಯ ಪಗಾರದ ಚೀಟಿ, ಎರಡೂ ಈ ಸಾಲಿಗೇ ಸೇರಬೇಕು ಎಂದು ನನಗೆ ತೋರುತ್ತದೆ.

ವಕೀಲ, ಪುಣೆ

ಕಾನೂನಿನ ಮಾತು, ಚುಟುಕಾಗಿ. ಮಾಲೀಕರ ಅನುಮತಿ ಇದ್ದ ಮಾತ್ರಕ್ಕೆ ಕೆಲಸಗಾರನ ಒಪ್ಪಿಗೆ ಸಿಕ್ಕಿದಂತಲ್ಲ. ಅವನಿಗೆ ಅರ್ಥವಾಗುವ ಭಾಷೆಯಲ್ಲಿ ಬರೆದು, ಓದಿ ಹೇಳಿ, ಸಹಿ ಪಡೆಯಿರಿ. ನಿಮ್ಮ ಶೆಡ್ಡಿನಲ್ಲಿ ಮರಾಠಿ, ಕನ್ನಡ, ಹಿಂದಿ ಮೂರೂ ಬೇಕಾಗಬಹುದು. ಬೇಡ ಎನ್ನುವ ಹಕ್ಕು ಚಿತ್ರ ಮುಗಿಯುವ ದಿನದವರೆಗೂ ಅವನಿಗಿರಲಿ. ಠೇಕೆಯ ಹುಡುಗರ ವಿಷಯದಲ್ಲಂತೂ ಮುಖ ತೋರಿಸುವ ಮುನ್ನ ಹತ್ತು ಸಲ ಯೋಚಿಸಿ, ಅವರನ್ನು ಬಿಡಿಸಲು ಕಾರಣವೇ ಬೇಕಾಗುವುದಿಲ್ಲ. ಚಿಂಚವಡದ ಅಕ್ಕ, ನಿಮ್ಮ ತಮ್ಮನ ಕಾಗದಗಳಿದ್ದರೆ ನನಗೆ ಖಾಸಗಿ ಸಂದೇಶ ಕಳಿಸಿ. ಶುಲ್ಕದ ಮಾತಿಲ್ಲ.

ಧಾರವಾಡದವಳು, ಪುಣೆ

ಮೂರು ವಾರ ಇಲ್ಲಿಗೆ ಬರಲಿಲ್ಲ, ತಪ್ಪು ತಿಳಿಯಬೇಡಿ. ಎಲ್ಲರ ಮಾತನ್ನೂ ಕಾಗದದ ಮೇಲೆ ಬರೆದುಕೊಂಡು ಎಂಟು ತಿಂಗಳ ತುಣುಕುಗಳನ್ನು ಮೊದಲಿನಿಂದ ಮತ್ತೆ ನೋಡಿದೆ.

ಠಾಣೆಯ ಹಿರಿಯರೇ, ಗುರುವಾರ ಎಂಐಡಿಸಿಗೆ ವಾರದ ರಜೆ. ಕಳೆದ ಗುರುವಾರ ಶೆಡ್ಡಿನ ಹುಡುಗರ ಕೋಣೆಗೆ ಹೋಗಿ ಲ್ಯಾಪ್‌ಟಾಪಿನಲ್ಲಿ ಎಲ್ಲವನ್ನೂ ತೋರಿಸಿದೆ. ಒಂದು ಕೋಣೆಯಲ್ಲಿ ಆರು ಜನ, ಪಾಳಿಯ ಲೆಕ್ಕದಲ್ಲಿ ಮಲಗುತ್ತಾರೆ. ತೆಗೆಯಬೇಕಾದದ್ದನ್ನು ಹೇಳಿ ಎಂದೆ. ಮೊದಲು ಯಾರೂ ಬಾಯಿ ಬಿಡಲಿಲ್ಲ. ಆಮೇಲೆ ಒಬ್ಬ, ಬಾಗಿಲು ಪೂರ್ತಿ ಸರಿಯುವ ಮೊದಲೇ ಕೈ ಹಾಕಿ ಜಾಬ್ ಇಳಿಸುವ ದೃಶ್ಯ ತೆಗೆಯಿರಿ ಎಂದ. ಇನ್ನೊಂದು ಉಪಾಯವನ್ನೂ ತೆಗೆಯಿಸಿದರು, ಅದು ಏನೆಂದು ಇಲ್ಲಿ ಬರೆಯುವುದಿಲ್ಲ. ಎರಡೂ ತುಣುಕುಗಳನ್ನು ಅವರ ಎದುರೇ ಅಳಿಸಿದೆ. ನನ್ನ ಅತ್ಯುತ್ತಮ ದೃಶ್ಯಗಳಲ್ಲಿ ಒಂದು ಹಾಗೆ ಹೋಯಿತು, ಹೊಟ್ಟೆ ಉರಿಯಲಿಲ್ಲ ಎಂದರೆ ಸುಳ್ಳಾಗುತ್ತದೆ.

ಇಂಡಿಯ ಅಣ್ಣಾ, ಆ ಕೀಲಿ ನಮ್ಮ ಶೆಡ್ಡಿನಲ್ಲೂ ಇದೆ. ಗಣಪತಿಯ ಪಟದ ಪಕ್ಕ ಮೊಳೆಗೆ ಕೆಂಪು ದಾರದಲ್ಲಿ ತೂಗುತ್ತದೆ. ಎಂಟು ತಿಂಗಳು ಅದು ನನ್ನ ಚೌಕಟ್ಟಿನಲ್ಲೇ ಇತ್ತು. ದೇವರ ಪಟದ ಅಲಂಕಾರ ಎಂದುಕೊಂಡಿದ್ದೆ.

ಒಂದು ತುಣುಕಿನ ಬಗ್ಗೆ ಹೇಳಬೇಕು. ಮಾರ್ಚ್ ತಿಂಗಳಿನದು, ಸಪ್ಪೆ ಎಂದು ಬದಿಗಿಟ್ಟದ್ದು. ಮಧ್ಯಾಹ್ನದ ಊಟದ ಹೊತ್ತು. ಮೂರನೇ ಯಂತ್ರದ ಹುಡುಗ ಕೈಕಟ್ಟಿ ನಿಂತಿದ್ದಾನೆ. ಗಾಜಿನ ಮೇಲೆ ಕೂಲಂಟ್ ಇಳಿಯುತ್ತಿದೆ. ಹದಿನೇಳನೇ ಸೆಕೆಂಡಿಗೆ ಅವನು ತಲೆ ಎತ್ತುತ್ತಾನೆ. ಯಂತ್ರದ ಕಡೆಗಲ್ಲ, ಮೊಳೆಯ ಕಡೆಗೆ. ಆಮೇಲೆ ಬಾಗಿಲ ಕಡೆಗೆ, ಸೆಟ್ಟರ್ ಊಟಕ್ಕೆ ಹೋದ ದಿಕ್ಕಿಗೆ. ಕೀಲಿಗೂ ಅವನಿಗೂ ನಡುವೆ ಹೆಚ್ಚೆಂದರೆ ನಾಲ್ಕು ಹೆಜ್ಜೆ. ಬಾಗಿಲು ತೆರೆದು ಜಾಬ್ ಇಳಿಸುತ್ತಾನೆ, ಮೈಕ್ರೋಮೀಟರಿಗೆ ಹಿಡಿಯುತ್ತಾನೆ, ಒಂದು ಕ್ಷಣ ಸುಮ್ಮನಿದ್ದು ಹಸಿರು ಗುಂಡಿ ಒತ್ತುತ್ತಾನೆ. ಮತ್ತೆ ನಾಲ್ಕು ಜಾಬ್ ಹಾಗೇ ಬರುತ್ತವೆ. ಕೊನೆಯ ಮೂರನ್ನು ಅಳತೆ ತಪ್ಪಿದವುಗಳ ಕೆಂಪು ಡಬ್ಬಿಗೆ ಹಾಕುತ್ತಾನೆ, ಹಾಕುವಾಗ ಸದ್ದಾಗದಂತೆ ಕೈಯಿಂದ ತಳದವರೆಗೆ ಇಳಿಸಿ ಬಿಡುತ್ತಾನೆ. ಸೆಟ್ಟರ್ ಬಂದು ಡಬ್ಬಿ ನೋಡಿ ಬೈಯುವುದೂ ದಾಖಲಾಗಿದೆ.

ಆ ಹುಡುಗ ಈಗ ಆ ಶೆಡ್ಡಿನಲ್ಲಿಲ್ಲ. ಕೋಣೆಯ ಗೆಳೆಯರಿಂದ ಸಂಖ್ಯೆ ಪಡೆದು ಮಾತಾಡಿದೆ. ಈ ತುಣುಕು ಬಳಸಲು ಒಪ್ಪಿದ್ದಾನೆ, ಮುಖ ತೋರಿಸಬಹುದು ಎಂದಿದ್ದಾನೆ. ವಕೀಲರು ಹೇಳಿದಂತೆ ಮರಾಠಿಯಲ್ಲಿ ಬರೆದು ಕಳಿಸಿದ್ದೇನೆ. ಒಂದೇ ಒಂದು ಷರತ್ತು ಹಾಕಿದ: ಅಳತೆ ತಪ್ಪುತ್ತದೆ ಎಂದು ತನಗೆ ಮೊದಲೇ ಗೊತ್ತಿತ್ತು ಎಂಬುದು ಚಿತ್ರದಲ್ಲಿ ಬರಬೇಕು.

ಇಂಡಿ ತಾಲ್ಲೂಕಿನವನು, ಭೋಸರಿ

ತಂಗಿ, ಆ ಹುಡುಗ ತಲೆ ಎತ್ತುವ ಮುಂಚಿನ ಹದಿನೇಳು ಸೆಕೆಂಡಿನ ಧ್ವನಿ ನನಗೆ ಕಳಿಸಿ. ಚಿತ್ರ ಬೇಡ, ಧ್ವನಿ ಮಾತ್ರ. ಅವನು ಏನು ಕೇಳಿದ ಎಂದು ಹೇಳುತ್ತೇನೆ.